ಆಮೆಯ ಚಿಪ್ಪು, ಕಪ್ಪು ಮುಸುಕು, ಬಿಳಿ ಅಂಗಿ: ಜಾಗತೀಕರಣ ವಿರೋಧಿ ಚಳವಳಿಯ ವೇಷಗಳೂ ಒಡಕುಗಳೂ

(ಸಾರ್ವಜನಿಕ ಉಪನ್ಯಾಸದ ಪರಿಷ್ಕೃತ ಬರಹ ರೂಪ)

ಸ್ನೇಹಿತರೇ,

1999ರ ನವೆಂಬರ್ ಕೊನೆಯಲ್ಲಿ ವಿಶ್ವ ವ್ಯಾಪಾರ ಸಂಸ್ಥೆಯ ಮೂರನೆಯ ಸಚಿವರ ಸಮ್ಮೇಳನ ಅಮೆರಿಕದ ಸಿಯಾಟಲ್ ನಗರದಲ್ಲಿ ಸೇರಿತು. ಅದನ್ನು ವಿರೋಧಿಸಿ ಬೀದಿಗಿಳಿದ ಹತ್ತಾರು ಸಾವಿರ ಜನರ ನಡುವೆ ಇನ್ನೂರಕ್ಕೂ ಹೆಚ್ಚು ಮಂದಿ ಕಡಲಾಮೆಯ ವೇಷ ತೊಟ್ಟಿದ್ದರು. ರಟ್ಟನ್ನು ಕತ್ತರಿಸಿ, ಬಣ್ಣ ಬಳಿದು, ಬೆನ್ನಿಗೆ ಕಟ್ಟಿಕೊಳ್ಳುವಂತೆ ಮಾಡಿದ ಚಿಪ್ಪುಗಳು ಅವು. ಪರಿಸರ ಸಂಘಟನೆಗಳ ಈ ಆಮೆಗಳ ಜೊತೆಯಲ್ಲೇ ಉಕ್ಕಿನ ಕಾರ್ಖಾನೆಯ ಕೆಲಸಗಾರರು, ಬಂದರಿನ ಕೂಲಿಗಳು, 'ಟೀಮ್‌ಸ್ಟರ್ಸ್' ಎಂದು ಹೆಸರಾದ ಲಾರಿ ಚಾಲಕರ ದೊಡ್ಡ ಸಂಘದವರು ನಡೆದರು. ಟೀಮ್‌ಸ್ಟರ್‌ಗಳೂ ಆಮೆಗಳೂ ಕೊನೆಗೂ ಒಂದಾದರು ಎಂಬರ್ಥದ ಫಲಕವೊಂದು ಆ ದಿನಗಳ ಗುರುತಾಗಿ ಉಳಿಯಿತು. ಕೆಲಸ ಉಳಿಸಿಕೊಳ್ಳುವ ಕಾರ್ಮಿಕನೂ ಕಾಡು ಕಡಲು ಉಳಿಸುವ ಪರಿಸರವಾದಿಯೂ ಪರಸ್ಪರ ವೈರಿಗಳೆಂದು ಬಹುಕಾಲ ಹೇಳಿಕೊಂಡು ಬಂದಿದ್ದ ದೇಶದಲ್ಲಿ ಅದು ಸಣ್ಣ ಸಂಗತಿಯಾಗಿರಲಿಲ್ಲ.

ಚಳವಳಿಗಾರರು ವೇಷ ತೊಟ್ಟಾಗ ಪತ್ರಿಕೆಗಳು ಅದನ್ನು ಬಣ್ಣದ ಚಿತ್ರವಾಗಿ ನೋಡುತ್ತವೆ, ಪೊಲೀಸರು ಯಾರನ್ನು ಹಿಡಿಯಬೇಕೆಂಬುದರ ಗುರುತಾಗಿ ನೋಡುತ್ತಾರೆ. ನಾನು ಇಂದು ನಿಮ್ಮ ಮುಂದೆ ಇಡಬಯಸುವುದು ಬೇರೆ ಮಾತು. 1999ರಿಂದ 2005ರವರೆಗಿನ ಜಾಗತೀಕರಣ ವಿರೋಧಿ ಚಳವಳಿಯಲ್ಲಿ ಪ್ರತಿಯೊಂದು ವೇಷವೂ ಆ ಚಳವಳಿಯೊಳಗಿನ ಒಂದು ಜಗಳದಲ್ಲಿ ತೆಗೆದುಕೊಂಡ ನಿಲುವಾಗಿತ್ತು. ವೇಷವು ಒಡಕನ್ನು ಸ್ವಲ್ಪ ಕಾಲ ಮುಚ್ಚಬಲ್ಲದು, ಕೆಲವೊಮ್ಮೆ ಒಡಕಿನ ಜೊತೆಗೇ ಬದುಕಲು ದಾರಿ ಮಾಡಿಕೊಡಬಲ್ಲದು. ಆದರೆ ಒಡಕಿಗೆ ಕಾರಣವಾದ ಪ್ರಶ್ನೆಯನ್ನು ಬಿಡಿಸುವ ಶಕ್ತಿ ಅದಕ್ಕಿಲ್ಲ; ಆ ಪ್ರಶ್ನೆಯನ್ನು ಜನ ಕೂತು ಮಾತಾಡಿಯೇ ಎದುರಿಸಬೇಕು. ಕರ್ನಾಟಕದ ರೈತರು ಈ ಕಥೆಯಲ್ಲಿ ನೇರವಾಗಿ ಪಾಲುಗೊಂಡಿದ್ದಾರೆ ಎಂಬುದೂ ನಾನು ಈ ವಿಷಯವನ್ನು ಆರಿಸಿಕೊಂಡಿದ್ದಕ್ಕೆ ಒಂದು ಕಾರಣ.

ಮೊದಲು ಆಮೆಯ ವಿಷಯವನ್ನೇ ಸ್ವಲ್ಪ ವಿವರವಾಗಿ ನೋಡೋಣ. ಸಿಗಡಿ ಹಿಡಿಯುವ ಟ್ರಾಲ್ ಬೋಟುಗಳು ಸಮುದ್ರದ ತಳವನ್ನು ಸವರಿಕೊಂಡು ಹೋಗುವ ಚೀಲದಂಥ ಬಲೆಯನ್ನು ಎಳೆಯುತ್ತವೆ. ಬಲೆಗೆ ಸಿಕ್ಕ ಕಡಲಾಮೆ ಉಸಿರಾಡಲು ಮೇಲೆ ಬರಲಾರದೆ ಮುಳುಗಿ ಸಾಯುತ್ತದೆ. ಇದನ್ನು ತಪ್ಪಿಸಲು ಅಮೆರಿಕದಲ್ಲಿ 'ಟೆಡ್' ಎಂಬ ಸಾಧನ ಬಳಕೆಗೆ ಬಂತು. ಬಲೆಯ ಬಾಯಿಗೂ ಕೊನೆಯ ಚೀಲಕ್ಕೂ ನಡುವಿನ ಕೊರಳಿನಲ್ಲಿ ಓರೆಯಾಗಿ ಕೂರಿಸಿದ ಲೋಹದ ಸರಳುಗಳ ಚೌಕಟ್ಟು ಅದು. ಸಿಗಡಿ ಸರಳುಗಳ ಸಂದಿನಲ್ಲಿ ನುಸುಳಿ ಹಿಂದಿನ ಚೀಲಕ್ಕೆ ಹೋಗುತ್ತದೆ. ಆಮೆಯ ಅಗಲವಾದ ಮೈ ಸರಳಿಗೆ ತಾಗಿ, ಓರೆಯ ಗುಂಟ ಜಾರಿ, ಬಲೆಯಲ್ಲಿ ಬಿಟ್ಟಿರುವ ತೆರಪಿನಿಂದ ಹೊರಬೀಳುತ್ತದೆ. ಇಂಥ ಸಾಧನವಿಲ್ಲದೆ ಹಿಡಿದ ಸಿಗಡಿಯನ್ನು ಆಮದು ಮಾಡಿಕೊಳ್ಳಬಾರದೆಂದು ಅಮೆರಿಕ 1989ರಲ್ಲಿ ಕಾನೂನು ಮಾಡಿತು. ಪರಿಸರ ಸಂಘಟನೆಗಳು ನ್ಯಾಯಾಲಯಕ್ಕೆ ಹೋದ ಮೇಲೆ, 1996ರಿಂದ ಆ ನಿಯಮವನ್ನು ಎಲ್ಲ ದೇಶಗಳಿಗೂ ಅನ್ವಯಿಸಲಾಯಿತು.

ಇದರ ವಿರುದ್ಧ ವಿಶ್ವ ವ್ಯಾಪಾರ ಸಂಸ್ಥೆಯ ಮುಂದೆ ದೂರು ಕೊಟ್ಟ ದೇಶಗಳು ನಾಲ್ಕು: ಭಾರತ, ಮಲೇಷ್ಯಾ, ಪಾಕಿಸ್ತಾನ ಮತ್ತು ಥಾಯ್ಲೆಂಡ್. 1998ರ ಅಕ್ಟೋಬರಿನಲ್ಲಿ ಮೇಲ್ಮನವಿ ಪೀಠದ ತೀರ್ಪು ಅಮೆರಿಕದ ವಿರುದ್ಧ ಬಂತು. ಸಿಯಾಟಲ್‌ನಲ್ಲಿ ಆಮೆಯ ವೇಷ ತೊಟ್ಟವರು ಪ್ರತಿಭಟಿಸುತ್ತಿದ್ದುದು ಈ ತೀರ್ಪನ್ನು. ಒಂದು ದೇಶ ತನ್ನ ಜನರ ಇಚ್ಛೆಯಂತೆ ಮಾಡಿಕೊಂಡ ಕಾನೂನನ್ನು ಜಿನೀವಾದಲ್ಲಿ ಕುಳಿತ ವ್ಯಾಪಾರ ತಜ್ಞರು ತಳ್ಳಿಹಾಕಬಹುದೇ ಎಂದು ಅವರು ಕೇಳಿದರು. ಪ್ರಶ್ನೆ ನ್ಯಾಯವಾದದ್ದೇ. ಆದರೆ ತೀರ್ಪಿನ ಒಳಗೆ ಏನಿತ್ತು ಎಂಬುದನ್ನು ರಟ್ಟಿನ ಚಿಪ್ಪಿನ ಮೇಲೆ ಬರೆಯಲು ಬರುವುದಿಲ್ಲ. ಅಳಿವಿನ ಅಂಚಿನ ಜೀವಿಗಳನ್ನು ಕಾಪಾಡಲು ದೇಶವೊಂದು ಆಮದಿಗೆ ಷರತ್ತು ಹಾಕುವುದು ತಪ್ಪೆಂದು ಪೀಠ ಹೇಳಿರಲಿಲ್ಲ. ಕೆರಿಬಿಯನ್ ಮತ್ತು ಪಶ್ಚಿಮ ಅಟ್ಲಾಂಟಿಕ್‌ನ ದೇಶಗಳಿಗೆ ಹೊಸ ಸಾಧನ ಅಳವಡಿಸಿಕೊಳ್ಳಲು ಮೂರು ವರ್ಷಗಳ ಅವಧಿಯನ್ನೂ ತಾಂತ್ರಿಕ ನೆರವನ್ನೂ ಕೊಟ್ಟ ಅಮೆರಿಕ, ಏಷ್ಯಾದ ದೇಶಗಳಿಗೆ ಕೊಟ್ಟದ್ದು ಕೇವಲ ನಾಲ್ಕು ತಿಂಗಳು. ಈ ತಾರತಮ್ಯ ಸಲ್ಲದು ಎಂಬುದು ತೀರ್ಪಿನ ತಿರುಳು. ಅಮೆರಿಕ ತನ್ನ ನಡೆ ತಿದ್ದಿಕೊಂಡ ಮೇಲೆ, 2001ರಲ್ಲಿ, ಮಲೇಷ್ಯಾದ ಹೊಸ ತಕರಾರು ನಿಲ್ಲಲಿಲ್ಲ.

ಹೀಗಾಗಿ ಸಿಯಾಟಲ್‌ನ ಬೀದಿಯಲ್ಲಿ ಆಮೆಯೊಂದು ನಡೆದು ಹೋಗುವಾಗ ಅದರ ಎದುರಾಳಿಯ ಜಾಗದಲ್ಲಿ ಭಾರತದ ಮೀನುಗಾರ ನಿಂತಿದ್ದ. ಇದು ಆ ಚಳವಳಿಯ ಅತಿ ಆಳದ ಒಡಕು ಎಂದು ನನ್ನ ಅಭಿಪ್ರಾಯ. ಶ್ರೀಮಂತ ದೇಶಗಳ ಕಾರ್ಮಿಕ ಸಂಘಗಳೂ ಪರಿಸರ ಸಂಘಟನೆಗಳೂ ವ್ಯಾಪಾರ ಒಪ್ಪಂದಗಳಲ್ಲಿ ಕಾರ್ಮಿಕ ಮಾನದಂಡ, ಪರಿಸರ ಮಾನದಂಡಗಳು ಸೇರಬೇಕೆಂದು ಒತ್ತಾಯಿಸುತ್ತಿದ್ದವು. ಬಡ ದೇಶಗಳ ಸರ್ಕಾರಗಳಿಗೂ, ಅಲ್ಲಿನ ಹಲವು ಚಳವಳಿಗಳಿಗೂ ಅದು ತಮ್ಮ ಸರಕನ್ನು ಹೊರಗಿಡುವ ಹೊಸ ಬೇಲಿಯಾಗಿ ಕಂಡಿತು. ಸಮ್ಮೇಳನದ ಹೊತ್ತಿನಲ್ಲೇ ಅಧ್ಯಕ್ಷ ಕ್ಲಿಂಟನ್ ಸಿಯಾಟಲ್‌ನ ದಿನಪತ್ರಿಕೆಯೊಂದಕ್ಕೆ ಕೊಟ್ಟ ಸಂದರ್ಶನದಲ್ಲಿ, ಕಾರ್ಮಿಕ ಮಾನದಂಡಗಳನ್ನು ಮುರಿದ ದೇಶಗಳ ಮೇಲೆ ಮುಂದೊಂದು ದಿನ ವ್ಯಾಪಾರ ನಿರ್ಬಂಧ ಹೇರುವ ಮಾತಾಡಿದ್ದು ಈ ಅನುಮಾನವನ್ನು ಗಟ್ಟಿಗೊಳಿಸಿತು. ಭಾರತದ ನಿಯೋಗದ ಮುಂದಾಳಾಗಿದ್ದ ವಾಣಿಜ್ಯ ಸಚಿವ ಮುರಸೊಳಿ ಮಾರನ್ ಇದನ್ನು ಬಿಗಿಯಾಗಿ ವಿರೋಧಿಸಿದರು.

ಆದರೆ 'ಭಾರತದ ಮೀನುಗಾರ' ಎಂದು ನಾನು ಈಗ ತಾನೇ ಹೇಳಿದ ಮಾತನ್ನು ಇನ್ನೊಮ್ಮೆ ನೋಡಬೇಕು. ನಮ್ಮ ಕರಾವಳಿಯನ್ನು ಬಲ್ಲವರಿಗೆ ಅಲ್ಲಿ ಒಬ್ಬ ಮೀನುಗಾರನಿಲ್ಲ ಎಂಬುದು ಗೊತ್ತು. 1970ರ ದಶಕದ ಕೊನೆಯಲ್ಲಿ ಮೀನಿನ ಹಿಂಡನ್ನೇ ಬಲೆಯಿಂದ ಸುತ್ತುವರಿದು ಹಿಡಿಯುವ ಯಾಂತ್ರಿಕ ಪರ್ಸೀನ್ ಬೋಟುಗಳು ಬಂದಾಗ ದಕ್ಷಿಣ ಕನ್ನಡ, ಉತ್ತರ ಕನ್ನಡಗಳ ದಡದಲ್ಲಿ ಊರಿಗೆ ಊರೇ ಸೇರಿ ಎಳೆಯುತ್ತಿದ್ದ ರಂಪಣಿ ಬಲೆಯ ಮೀನುಗಾರಿಕೆ ಕುಸಿಯಿತು, ಎರಡು ಪಂಗಡಗಳ ನಡುವೆ ಘರ್ಷಣೆಗಳೂ ಆದವು. ಕೇರಳದಲ್ಲಿ ದೋಣಿ ಮೀನುಗಾರರು ವರ್ಷಗಟ್ಟಲೆ ಹೋರಾಡಿ 1988ರಲ್ಲಿ ಮಳೆಗಾಲದ ಟ್ರಾಲಿಂಗ್ ನಿಷೇಧ ತಂದರು. ಅಂದರೆ ಆಮೆಯನ್ನು ಕೊಲ್ಲುವ ಟ್ರಾಲ್ ಬಲೆಯ ವಿರುದ್ಧ ಮೊದಲು ಎದ್ದು ನಿಂತವರಲ್ಲಿ ನಮ್ಮ ಸಣ್ಣ ಮೀನುಗಾರರೂ ಇದ್ದರು. ಜಿನೀವಾದಲ್ಲಿ ಭಾರತದ ಹೆಸರಿನಲ್ಲಿ ನಡೆದ ವಾದ ಸಿಗಡಿ ರಫ್ತಿನದಾಗಿತ್ತು. ಸಿಯಾಟಲ್‌ನಲ್ಲಿ ಆಮೆಯ ಹೆಸರಿನಲ್ಲಿ ನಡೆದ ಮೆರವಣಿಗೆ ಅಮೆರಿಕದ ಕಾನೂನಿನದಾಗಿತ್ತು. ದಡದ ಮೀನುಗಾರನ ಮಾತು ಎರಡರಲ್ಲೂ ಇರಲಿಲ್ಲ. ಆಮೆಯ ವೇಷ ತೊಟ್ಟವರ ಪ್ರಾಮಾಣಿಕತೆಯ ಬಗ್ಗೆ ನನಗೆ ಎಳ್ಳಷ್ಟೂ ಸಂದೇಹವಿಲ್ಲ. ಆದರೆ ಪ್ರಾಣಿಯ ವೇಷ ತೊಟ್ಟವನು ಮಾತಾಡಲಾರದ ಜೀವಿಯ ಪರವಾಗಿ ಮಾತಾಡುತ್ತಾನೆ, ಆ ಜೀವಿ ಅವನನ್ನು ತಿದ್ದಲು ಬರುವುದಿಲ್ಲ. ಮಾತಾಡಬಲ್ಲ ಮನುಷ್ಯರು ಅದೇ ಸಮುದ್ರದಲ್ಲಿ ಇದ್ದಾಗ ಅವರನ್ನು ಕೇಳುವ ಕೆಲಸ ವೇಷದಿಂದ ಆಗಿಹೋಯಿತು ಎಂಬ ಭಾವನೆ ಹುಟ್ಟಬಾರದಿತ್ತು.

ಇನ್ನು ನವೆಂಬರ್ 30ರ ದಿನ. ಬೆಳಗಿನ ಜಾವದಿಂದಲೇ 'ಡೈರೆಕ್ಟ್ ಆ್ಯಕ್ಷನ್ ನೆಟ್‌ವರ್ಕ್' ಎಂಬ ಒಕ್ಕೂಟದ ಗುಂಪುಗಳು ಸಮ್ಮೇಳನ ಕೇಂದ್ರದ ಸುತ್ತಣ ಚೌಕಗಳಲ್ಲಿ ಕೈಕೈ ಬೆಸೆದು ಕೂತು ಪ್ರತಿನಿಧಿಗಳ ದಾರಿ ಕಟ್ಟಿದವು. ಹಿಂಸೆ ಮಾಡಬಾರದು, ಆಸ್ತಿಪಾಸ್ತಿ ಒಡೆಯಬಾರದು ಎಂಬ ಕಟ್ಟಳೆಗೆ ಒಪ್ಪಿ ಬಂದವರು ಅವರು. ಪೊಲೀಸರು ಅಶ್ರುವಾಯು ಹಾರಿಸತೊಡಗಿದರು. ಆಮೇಲೆ ಕಪ್ಪು ಬಟ್ಟೆ, ಕಪ್ಪು ಮುಸುಕಿನ ಸಣ್ಣ ಗುಂಪೊಂದು ನೈಕಿ, ಸ್ಟಾರ್‌ಬಕ್ಸ್‌ನಂಥ ಕಂಪನಿಗಳ ಅಂಗಡಿಗಳ ಗಾಜು ಒಡೆಯಿತು. ಶಾಂತಿಯುತ ಪ್ರತಿಭಟನಾಕಾರರಲ್ಲಿ ಕೆಲವರು ಅಂಗಡಿಯ ಮುಂದೆ ಅಡ್ಡ ನಿಂತು ಗಾಜು ಉಳಿಸಲು ಯತ್ನಿಸಿದರು. ಇತ್ತ ಕಾರ್ಮಿಕ ಸಂಘಗಳ ಮಹಾಮೆರವಣಿಗೆ ನಗರದ ನಡುವಿನ ದಿಗ್ಬಂಧನದ ಹತ್ತಿರಕ್ಕೆ ಬಂದು, ಸಂಘಟಕರ ಸೂಚನೆಯಂತೆ ಹಿಂದಕ್ಕೆ ತಿರುಗಿತು. ಒಂದಷ್ಟು ಕಾರ್ಮಿಕರು ಆ ಸೂಚನೆ ಮೀರಿ ದಿಗ್ಬಂಧನ ಕಟ್ಟಿದವರ ಜೊತೆ ಸೇರಿಕೊಂಡರು. ಉದ್ಘಾಟನಾ ಸಮಾರಂಭ ರದ್ದಾಯಿತು, ನಗರದಲ್ಲಿ ಕರ್ಫ್ಯೂ ಬಿತ್ತು, ಸುಮಾರು 600 ಜನರ ಬಂಧನವಾಯಿತು. ಡಿಸೆಂಬರ್ 3ರಂದು ಸಮ್ಮೇಳನ ಯಾವ ಒಪ್ಪಂದವೂ ಇಲ್ಲದೆ ಮುಗಿಯಿತು. ಅದಕ್ಕೆ ಬೀದಿಯಷ್ಟೇ ಅಲ್ಲ, ಅಮೆರಿಕ ಮತ್ತು ಯುರೋಪಿನ ನಡುವಿನ ಕೃಷಿ ಸಬ್ಸಿಡಿಯ ಜಗಳವೂ, ಮುಚ್ಚಿದ ಕೋಣೆಯ ಮಾತುಕತೆಗಳಿಂದ ತಮ್ಮನ್ನು ಹೊರಗಿಟ್ಟರೆಂಬ ಆಫ್ರಿಕಾ ಮತ್ತಿತರ ದೇಶಗಳ ಸಿಟ್ಟೂ ಕಾರಣವಾಗಿದ್ದವು.

ಆಮೆ ಮತ್ತು ಟೀಮ್‌ಸ್ಟರ್‌ಗಳ ಗೆಳೆತನ ಬಹಳ ಕಾಲ ಬಾಳಲಿಲ್ಲ. 2001ರಲ್ಲಿ ಅಲಾಸ್ಕಾದ ಆರ್ಕ್‌ಟಿಕ್ ವನ್ಯಜೀವಿ ಧಾಮದಲ್ಲಿ ತೈಲ ಬಾವಿ ತೋಡುವ ಬುಷ್ ಸರ್ಕಾರದ ಯೋಜನೆಯನ್ನು ಟೀಮ್‌ಸ್ಟರ್ಸ್ ಸಂಘ ಉದ್ಯೋಗದ ಕಾರಣ ಕೊಟ್ಟು ಬೆಂಬಲಿಸಿತು. ಇದನ್ನು ದ್ರೋಹವೆಂದು ಕರೆದವರಿದ್ದಾರೆ. ನನಗೆ ಹಾಗೆ ಅನ್ನಿಸುವುದಿಲ್ಲ. ಸಿಯಾಟಲ್‌ನಲ್ಲಿ ಅವರಿಬ್ಬರನ್ನು ಸೇರಿಸಿದ್ದು ಒಂದೇ ಎದುರಾಳಿ. ಎಣ್ಣೆ, ಕೆಲಸ, ಕಾಡು ಇವುಗಳ ಬಗ್ಗೆ ಅವರು ಎಂದೂ ಒಂದು ಮಾತಿಗೆ ಬಂದಿರಲಿಲ್ಲ, ಬರುವ ಪ್ರಯತ್ನಕ್ಕೆ ಆ ವಾರದ ಸಂಭ್ರಮದಲ್ಲಿ ಸಮಯವೂ ಸಿಕ್ಕಿರಲಿಲ್ಲ.

ಕಪ್ಪು ಮುಸುಕಿನ ಪ್ರಶ್ನೆಗೆ ಬರುತ್ತೇನೆ. ಈ ಪದ್ಧತಿ 1980ರ ದಶಕದ ಪಶ್ಚಿಮ ಜರ್ಮನಿಯಲ್ಲಿ, ಖಾಲಿ ಮನೆಗಳಲ್ಲಿ ಬಿಡಾರ ಹೂಡಿದ ಯುವಕರು ಪೊಲೀಸರನ್ನು ಎದುರಿಸುವಾಗ ಬೆಳೆದದ್ದು. ಎಲ್ಲರೂ ಒಂದೇ ಬಣ್ಣ ತೊಟ್ಟರೆ ಯಾರೊಬ್ಬನನ್ನೂ ಬೇರೆ ಮಾಡಿ ಗುರುತಿಸಲಾಗದು ಎಂಬುದೇ ಅದರ ತರ್ಕ. ಸಿಯಾಟಲ್‌ನ ಗಾಜು ಒಡೆದವರು ಆಮೇಲೆ ಹೊರಡಿಸಿದ ಹೇಳಿಕೆಯಲ್ಲಿ, ಜೀವಕ್ಕೆ ನೋವುಂಟುಮಾಡದ ಆಸ್ತಿನಾಶ ಹಿಂಸೆಯಲ್ಲ ಎಂದು ವಾದಿಸಿದರು. ಈ ವಾದವನ್ನು ಕೇಳಿದಾಗ ಕರ್ನಾಟಕದ ಓದುಗರಿಗೆ ತಕ್ಷಣ ನೆನಪಾಗಬೇಕಾದ ಘಟನೆಗಳಿವೆ. 1992ರ ಡಿಸೆಂಬರಿನಲ್ಲಿ ಕರ್ನಾಟಕ ರಾಜ್ಯ ರೈತ ಸಂಘದ ಕಾರ್ಯಕರ್ತರು ಬೆಂಗಳೂರಿನ ಕಾರ್ಗಿಲ್ ಬೀಜ ಕಂಪನಿಯ ಕಚೇರಿಗೆ ನುಗ್ಗಿ ಕಾಗದಪತ್ರಗಳನ್ನು ಬೀದಿಗೆ ತಂದು ಸುಟ್ಟರು. 1998ರ ನವೆಂಬರಿನಲ್ಲಿ ರಾಯಚೂರು ಜಿಲ್ಲೆಯಲ್ಲಿ ಮಾನ್ಸಾಂಟೋ ಕಂಪನಿಯ ಕುಲಾಂತರಿ ಹತ್ತಿಯ ಪ್ರಯೋಗದ ಬೆಳೆಯನ್ನು ಕಿತ್ತು ಸುಟ್ಟರು. ಈ ಕೆಲಸಗಳನ್ನು ಪ್ರೊ. ಎಂ.ಡಿ. ನಂಜುಂಡಸ್ವಾಮಿಯವರು ಗಾಂಧಿಯವರ ಹಾದಿಯ ಹೋರಾಟವೆಂದೇ ಹೇಳುತ್ತಿದ್ದರು. ಮನುಷ್ಯರ ಮೈ ಮುಟ್ಟದ ತನಕ ಅದು ಅಹಿಂಸೆಯೇ ಎಂಬುದು ಅವರ ಪಟ್ಟು.

ಒಂದು ವ್ಯತ್ಯಾಸವನ್ನು ಇಲ್ಲಿ ಎತ್ತಿ ಹೇಳಬೇಕು. ಸಿಯಾಟಲ್‌ನವರು ಮುಖ ಮುಚ್ಚಿಕೊಂಡು ಗಾಜು ಒಡೆದರು. ನಮ್ಮ ರೈತರು ಹೆಗಲ ಮೇಲೆ ಹಸಿರು ಶಾಲು ಹೊದ್ದು, ಮುಖ ತೋರಿಸಿ, ಮುಂಚೆಯೇ ಸಾರಿ ಹೇಳಿ, ಬಂಧನಕ್ಕೆ ಸಿದ್ಧರಾಗಿ ಬೆಳೆ ಸುಟ್ಟರು. ಎರಡೂ ಆಸ್ತಿನಾಶವೇ ಹೌದು, ಆದರೆ ಒಂದರಲ್ಲಿ ಉಡುಪು ಮಾಡಿದವನನ್ನು ಮರೆಮಾಡುತ್ತದೆ, ಇನ್ನೊಂದರಲ್ಲಿ ಮಾಡಿದವನ ಹೊಣೆಯನ್ನು ಸಾರುತ್ತದೆ. ಯುರೋಪಿನ ಚಳವಳಿಗಾರರು ಈ ವ್ಯತ್ಯಾಸವನ್ನು ಹತ್ತಿರದಿಂದ ಕಂಡರು. 1999ರ ಮೇ ಮತ್ತು ಜೂನ್ ತಿಂಗಳಲ್ಲಿ ಭಾರತದ ನೂರಾರು ರೈತರು 'ಖಂಡಾಂತರ ಜಾಥಾ'ದಲ್ಲಿ ಬಸ್ಸುಗಳಲ್ಲಿ ಯುರೋಪನ್ನು ಸುತ್ತಿದರು. ಜಾಥಾ, ಎಂಟು ಪ್ರಬಲ ದೇಶಗಳ ಕೂಟವಾದ ಜಿ8ರ ಶೃಂಗಸಭೆ ನಡೆಯುತ್ತಿದ್ದ ಜರ್ಮನಿಯ ಕೊಲೋನ್‌ನಲ್ಲಿ ಮುಗಿಯಿತು. ಅದೇ ಆಗಸ್ಟಿನಲ್ಲಿ 'ಪೀಪಲ್ಸ್ ಗ್ಲೋಬಲ್ ಆ್ಯಕ್ಷನ್' ಎಂಬ ಜಾಗತಿಕ ಜಾಲದ ಎರಡನೆಯ ಸಮ್ಮೇಳನ ಬೆಂಗಳೂರಿನಲ್ಲಿ ನಡೆಯಿತು. ರೈತ ಸಂಘ ಆ ಜಾಲದ ಹುಟ್ಟಿನಲ್ಲೇ ಇದ್ದ ಸಂಘಟನೆ.

ಆ ಜಾಲಕ್ಕೆ 1998ರಲ್ಲಿ ಜಿನೀವಾದಲ್ಲಿ ರೂಪುಗೊಂಡ ಕೆಲವು ಮೂಲಸೂತ್ರಗಳಿದ್ದವು. ಅವುಗಳಲ್ಲಿ ಒಂದು ಅಹಿಂಸಾತ್ಮಕ ನೇರ ಕಾರ್ಯಾಚರಣೆಗೆ ಕರೆ ಕೊಡುತ್ತಿತ್ತು. 2001ರಲ್ಲಿ ಬೊಲಿವಿಯಾದ ಕೊಚಬಾಂಬಾದಲ್ಲಿ ಸೇರಿದಾಗ ಅದರಿಂದ ಅಹಿಂಸೆಯ ಮಾತನ್ನು ತೆಗೆದು, ಜೀವಕ್ಕೂ ದಮನಿತರ ಹಕ್ಕುಗಳಿಗೂ ಅತಿ ಹೆಚ್ಚಿನ ಗೌರವ ಕೊಡುವ ಪ್ರತಿರೋಧದ ರೂಪಗಳು ಎಂದು ಬರೆದರು. ಕಾರಣವಾಗಿ ಹೇಳಿದ್ದು ಇದನ್ನೇ: ಭಾರತದವರಿಗೆ ಅಹಿಂಸೆಯೆಂದರೆ ಜೀವದ ಮೇಲಿನ ಗೌರವ, ಪಶ್ಚಿಮದಲ್ಲಿ ಅದಕ್ಕೆ ಖಾಸಗಿ ಆಸ್ತಿಯ ಮೇಲಿನ ಗೌರವವೂ ಸೇರಿಕೊಂಡಿದೆ. ಲ್ಯಾಟಿನ್ ಅಮೆರಿಕದ ಸಂಘಟನೆಗಳಿಗೆ ಬೇರೆಯದೇ ಚಿಂತೆಯಿತ್ತು. ಸೈನ್ಯದ ಗುಂಡಿಗೆ ಎದೆಯೊಡ್ಡುವ ಜನರ ಮೇಲೆ ಅಹಿಂಸೆಯ ಷರತ್ತು ಹೊರಿಸುವುದು ಸರಿಯಲ್ಲ ಎಂಬುದು ಅವರ ವಾದ. ಸಿಯಾಟಲ್‌ನ ಗಾಜಿನ ಮುಂದೆ ಕೂಗಾಟದಲ್ಲಿ ಮುಗಿದ ಜಗಳವೇ ಇಲ್ಲಿ ಸಭೆಯಲ್ಲಿ ಕೂತು, ಅಕ್ಷರಕ್ಕಿಳಿದು, ತಿದ್ದುಪಡಿಯಾಗಿ ಹೊರಬಂತು. ತಿದ್ದುಪಡಿ ಎಲ್ಲರಿಗೂ ಒಪ್ಪಿಗೆಯಾಗಬೇಕೆಂದಿಲ್ಲ, ನನಗೂ ಅದರ ಬಗ್ಗೆ ಅಳುಕಿದೆ. ಆದರೂ ಚಳವಳಿಯೊಂದು ತನ್ನ ಒಡಕನ್ನು ಹೆಸರಿಟ್ಟು ಕರೆದ ಅಪರೂಪದ ಗಳಿಗೆಯೆಂದು ಅದನ್ನು ಗೌರವಿಸುತ್ತೇನೆ.

ಹಸಿರು ಶಾಲಿನ ಬಗ್ಗೆ ಇನ್ನೊಂದು ಮಾತು ಹೇಳಿ ಮುಂದಕ್ಕೆ ಹೋಗುತ್ತೇನೆ. ನಂಜುಂಡಸ್ವಾಮಿಯವರು 2004ರ ಫೆಬ್ರುವರಿಯಲ್ಲಿ ತೀರಿಕೊಂಡರು. ರೈತ ಸಂಘ ಹಲವು ಬಣಗಳಾಯಿತು, ಎಲ್ಲ ಬಣಗಳೂ ಅದೇ ಹಸಿರು ಶಾಲನ್ನು ಹೊದೆಯುತ್ತವೆ. 2018ರ ಮೇ ತಿಂಗಳಲ್ಲಿ ಬಿ.ಎಸ್. ಯಡಿಯೂರಪ್ಪನವರು ಹಸಿರು ಶಾಲು ಹೊದ್ದು ರೈತರ ಹೆಸರಿನಲ್ಲಿ ಮುಖ್ಯಮಂತ್ರಿಯಾಗಿ ಪ್ರಮಾಣವಚನ ಸ್ವೀಕರಿಸಿದರು. ಗೆದ್ದ ಗುರುತನ್ನು ಎಲ್ಲರೂ ಬಯಸುತ್ತಾರೆ. ಯಾವ ಬೇಡಿಕೆಗೆ ಅದನ್ನು ಹೊದ್ದಿದ್ದಾರೆ ಎಂದು ನಾವು ಪ್ರತಿಸಲವೂ ಕೇಳಬೇಕಾಗುತ್ತದೆ.

ಸಿಯಾಟಲ್ ಆದ ಹತ್ತು ತಿಂಗಳಿಗೆ, 2000ದ ಸೆಪ್ಟೆಂಬರ್ 26ರಂದು, ಅಂತರರಾಷ್ಟ್ರೀಯ ಹಣಕಾಸು ನಿಧಿ (ಐಎಂಎಫ್) ಮತ್ತು ವಿಶ್ವಬ್ಯಾಂಕಿನ ವಾರ್ಷಿಕ ಸಭೆಯನ್ನು ವಿರೋಧಿಸಲು ಪ್ರಾಗ್ ನಗರದಲ್ಲಿ ಸುಮಾರು 12,000 ಜನ ಸೇರಿದರು. ಅಲ್ಲಿ ನಡೆದ ಏರ್ಪಾಡು ನನಗೆ ಇಡೀ ಕಾಲದ ಅತ್ಯಂತ ಬುದ್ಧಿವಂತಿಕೆಯ ರಾಜಕೀಯ ಕೆಲಸವಾಗಿ ಕಾಣುತ್ತದೆ. ಒಂದೇ ಮೆರವಣಿಗೆಯಲ್ಲಿ ಎಲ್ಲರನ್ನೂ ತುರುಕಿ, ಗಾಜು ಒಡೆಯುವವನೂ ಅದನ್ನು ತಡೆಯುವವನೂ ಮತ್ತೆ ಎದುರುಬದುರಾಗುವಂತೆ ಮಾಡುವುದರ ಬದಲು, ಸಂಘಟಕರು ದಿನಗಟ್ಟಲೆ ಸಭೆ ಸೇರಿ, ನಕ್ಷೆಯ ಮೇಲೆ ಬಣ್ಣಬಣ್ಣದ ದಾರಿಗಳನ್ನು ಗುರುತಿಸಿದರು. ನೀಲಿ ದಾರಿ ಪೊಲೀಸರೊಡನೆ ನೇರ ಘರ್ಷಣೆಗೆ ಸಿದ್ಧರಾದವರದು. ಅಲ್ಲಿ ಕಲ್ಲುಗಳೂ ಪೆಟ್ರೋಲ್ ಬಾಂಬುಗಳೂ ಹಾರಿದವು. ಹಳದಿ ದಾರಿಯಲ್ಲಿ ಇಟಲಿಯಿಂದ ಬಂದ ಬಿಳಿ ಅಂಗಿಯವರು ಮೈತುಂಬ ಫೋಮು, ಟೈರಿನ ಟ್ಯೂಬು ಕಟ್ಟಿಕೊಂಡು, ಹೆಲ್ಮೆಟ್ ಹಾಕಿಕೊಂಡು, ನುಸ್ಲೆ ಸೇತುವೆಯ ಮೇಲೆ ಪೊಲೀಸರ ಸಾಲನ್ನು ಬರೀ ಮೈಬಲದಿಂದ ತಳ್ಳಿದರು. ಗುಲಾಬಿ ದಾರಿಯಿಂದ ಕವಲೊಡೆದ ಗುಲಾಬಿ-ಬೆಳ್ಳಿ ಗುಂಪಿನವರು ನರ್ತಕಿಯರ ಜಾಲರಿ ಲಂಗ, ಹೊಳೆಯುವ ಕೃತಕ ಕೂದಲು, ಗರಿಯ ಪೊರಕೆಗಳೊಡನೆ, ಸಾಂಬಾ ತಮಟೆಯ ಲಯಕ್ಕೆ ಕುಣಿಯುತ್ತ ಹೋದರು.

ಕೇಂದ್ರ ಸಭಾಂಗಣದ ತೀರ ಹತ್ತಿರ ತಲುಪಿದವರು ಕೊನೆಯ ಗುಂಪಿನವರು. ಪೊಲೀಸರ ಬಲವೆಲ್ಲ ಸೇತುವೆಯ ಮೇಲೂ ನೀಲಿ ದಾರಿಯಲ್ಲೂ ಸಿಕ್ಕಿಕೊಂಡಿದ್ದುದು ಅದಕ್ಕೆ ಕಾರಣ. ಹಾಗಾಗಿ ಕುಣಿದವರ ಗೆಲುವಿನಲ್ಲಿ ಕಲ್ಲು ತೂರಿದವರ ಪಾಲೂ ಇತ್ತೆಂದು ಒಬ್ಬರು, ಕಲ್ಲುಗಳೇ ಮರುದಿನದ ಪತ್ರಿಕೆಗಳನ್ನು ತುಂಬಿ ನಮ್ಮ ಮಾತನ್ನು ಮುಳುಗಿಸಿದವೆಂದು ಇನ್ನೊಬ್ಬರು ವಾದಿಸಿದರು. ಸಭೆ ಒಂದು ದಿನ ಮೊದಲೇ ಮುಗಿಯಿತು. ಬಣ್ಣಗಳು ಭಿನ್ನಮತವನ್ನು ತೀರಿಸಲಿಲ್ಲ, ಅದಕ್ಕೆ ಒಂದು ಸ್ಥಳ ಕೊಟ್ಟವು. ಯಾರು ಯಾವ ಅಪಾಯಕ್ಕೆ ಒಪ್ಪಿದ್ದಾರೆ ಎಂಬುದು ಬಟ್ಟೆಯಿಂದಲೇ ತಿಳಿಯುತ್ತಿತ್ತು, ಒಪ್ಪದವರ ತಲೆಯ ಮೇಲೆ ಆ ಅಪಾಯ ಬೀಳದಂತೆ ದಾರಿಗಳು ದೂರವಿದ್ದವು. ಆದರೆ ಈ ಏರ್ಪಾಡು ಒಂದು ನಂಬಿಕೆಯ ಮೇಲೆ ನಿಂತಿತ್ತು: ಪೊಲೀಸರೂ ಬಣ್ಣಗಳ ವ್ಯತ್ಯಾಸವನ್ನು ಗುರುತಿಸುತ್ತಾರೆ ಎಂಬ ನಂಬಿಕೆ.

ಆ ನಂಬಿಕೆ ಇಟಲಿಯ ಜಿನೋವಾ ನಗರದಲ್ಲಿ, 2001ರ ಜಿ8 ಶೃಂಗಸಭೆಯ ಹೊತ್ತಿಗೆ, ಮುರಿಯಿತು. ಇಟಲಿಯ ಬಿಳಿ ಅಂಗಿಯವರ, ಅಂದರೆ 'ತೂತೆ ಬಿಯಾಂಕೆ'ಯ, ಹಿನ್ನೆಲೆಯನ್ನು ಸ್ವಲ್ಪ ಹೇಳಬೇಕು. 1994ರಲ್ಲಿ ಮಿಲಾನ್ ನಗರದ ಲಿಯೋನ್‌ಕವಾಲ್ಲೊ ಎಂಬ, ಖಾಲಿ ಕಟ್ಟಡದಲ್ಲಿ ಬಿಡಾರ ಹೂಡಿದವರು ನಡೆಸುತ್ತಿದ್ದ ಸಾಮಾಜಿಕ ಕೇಂದ್ರವನ್ನು ತೆರವು ಮಾಡಿದಾಗ ಅಲ್ಲಿನ ಮೇಯರ್, ಇನ್ನು ಮುಂದೆ ಇವರು ಊರಲ್ಲಿ ಅಲೆಯುವ ದೆವ್ವಗಳಷ್ಟೇ ಎಂಬರ್ಥದ ಮಾತಾಡಿದ್ದರು. ಅದಕ್ಕೆ ಉತ್ತರವಾಗಿ ಯುವಕರು ಕಾರ್ಖಾನೆಯ ಬಿಳಿ ಮೇಲಂಗಿ ತೊಟ್ಟು ಬೀದಿಗೆ ಬಂದರು. ಕಾಯಂ ಕೆಲಸವಿಲ್ಲದ, ಗುರುತಿನ ಕಾಗದವಿಲ್ಲದ, ಯಾರ ಲೆಕ್ಕಕ್ಕೂ ಸಿಗದ ಜನರ ಗುರುತು ಆ ಬಿಳಿ. ಮುಂದೆ ಮೆಕ್ಸಿಕೋದ ಆದಿವಾಸಿ ಬಂಡಾಯಗಾರರಾದ ಜಪಾತಿಸ್ತರಿಂದ ಪ್ರೇರಣೆ ಪಡೆದು, ದಾಳಿ ಮಾಡದೆ ಮೈಗೆ ರಕ್ಷಣೆ ಕಟ್ಟಿಕೊಂಡು ಮುನ್ನುಗ್ಗುವ ತಮ್ಮದೇ ವಿಧಾನವನ್ನು ಅವರು ಬೆಳೆಸಿದರು. ಕಪ್ಪು ಮುಸುಕಿನವರು ಇದನ್ನು ಪೊಲೀಸರೊಡನೆ ಮೊದಲೇ ಒಪ್ಪಂದ ಮಾಡಿಕೊಂಡ ನಾಟಕವೆಂದು ಜರೆದರು. ಶಾಂತಿವಾದಿಗಳು ಹೆಲ್ಮೆಟ್ ಗುರಾಣಿಗಳಲ್ಲಿ ಯುದ್ಧದ ವಾಸನೆ ಕಂಡರು. 2001ರ ಮೇ ತಿಂಗಳಲ್ಲಿ ಜಿನೋವಾದಲ್ಲಿ ಮುಸುಕು ಹಾಕಿಕೊಂಡು ಜಗತ್ತಿನ ಬಲಾಢ್ಯರ ವಿರುದ್ಧ 'ಯುದ್ಧ ಘೋಷಣೆ'ಯನ್ನು ಓದಿದ್ದು ಅವರ ಕಡೆಯಿಂದ ಆದ ದೊಡ್ಡ ಪ್ರಮಾದವೆಂದು ನನ್ನ ಎಣಿಕೆ. ಅದು ರೂಪಕವೆಂದು ಅವರಿಗೆ ಗೊತ್ತಿತ್ತು, ಕೇಳಿಸಿಕೊಂಡ ಸರ್ಕಾರಕ್ಕೆ ಹಾಗೆ ತಿಳಿಯಬೇಕಾದ ಅಗತ್ಯವಿರಲಿಲ್ಲ.

ಜುಲೈ 20ರಂದು ಜಿ8 ನಾಯಕರು ಸೇರಿದಾಗ ನಗರದ ನಡುಭಾಗವನ್ನು ಎತ್ತರದ ಕಬ್ಬಿಣದ ಬೇಲಿಯಿಂದ ಮುಚ್ಚಲಾಗಿತ್ತು. ನೂರಾರು ಸಂಘಟನೆಗಳ ಒಕ್ಕೂಟವಾದ ಜಿನೋವಾ ಸೋಷಿಯಲ್ ಫೋರಂ, ಪ್ರಾಗ್‌ನ ಬಣ್ಣಗಳಂತೆ ಇಲ್ಲಿ ಚೌಕಗಳನ್ನು ಹಂಚಿಕೊಂಡಿತು. ಬಿಳಿ ಅಂಗಿಯವರು ಹೊರಡುವ ಮುನ್ನ ಕಾರ್ಲೀನಿ ಕ್ರೀಡಾಂಗಣದಲ್ಲಿ ತಮ್ಮ ಬಿಳಿ ಅಂಗಿಯನ್ನೇ ಕಳಚಿಡಲು ತೀರ್ಮಾನಿಸಿದರು. ತಾವು ಒಂದು ಬಣವಾಗಿ ಕಾಣದೆ ಜನಸಮೂಹದಲ್ಲಿ ಸೇರಿಹೋಗಬೇಕು ಎಂಬುದು ಅವರ ಉದ್ದೇಶ. ಅನುಮತಿ ಪಡೆದ ಮಾರ್ಗದಲ್ಲೇ, ತೊಲೆಮೈದೆ ರಸ್ತೆಯಲ್ಲಿ, ಅವರ ಮೆರವಣಿಗೆಯ ಮೇಲೆ ಕರಾಬಿನಿಯೇರಿ ಎಂಬ ಸೇನಾ ಪೊಲೀಸ್ ಪಡೆ ಎರಗಿತು. ಅಲ್ಲಿಂದ ಹಬ್ಬಿದ ಗಲಭೆಯಲ್ಲಿ, ಅಲಿಮೋಂದಾ ಚೌಕದಲ್ಲಿ, 23 ವರ್ಷದ ಕಾರ್ಲೋ ಜುಲಿಯಾನಿ ಗುಂಡೇಟಿಗೆ ಬಲಿಯಾದ. ಅದೇ ದಿನ ಮನೀನ್ ಚೌಕದಲ್ಲಿ ಕ್ರೈಸ್ತ ಹಾಗೂ ಶಾಂತಿವಾದಿ ಗುಂಪುಗಳು ನಿಂತಿದ್ದವು. ಕೈಯಲ್ಲಿ ಏನೂ ಇಲ್ಲವೆಂದು ತೋರಿಸಲು ಅವರು ಅಂಗೈಗೆ ಬಿಳಿ ಬಣ್ಣ ಬಳಿದುಕೊಂಡಿದ್ದರು. ಕಪ್ಪು ಬಟ್ಟೆಯವರನ್ನು ಬೆನ್ನಟ್ಟಿಕೊಂಡು ಬಂದ ಪೊಲೀಸರು ಎತ್ತಿ ಹಿಡಿದ ಆ ಬಿಳಿ ಅಂಗೈಗಳ ಮೇಲೂ ಲಾಠಿ ಬೀಸಿದರು.

ಮರುದಿನ ರಾತ್ರಿ ಚಳವಳಿಗಾರರು ಮಲಗಿದ್ದ ದಿಯಾಜ್ ಶಾಲೆಯ ಮೇಲೆ ದಾಳಿಯಾಯಿತು. 93 ಜನರ ಬಂಧನವಾಯಿತು, 60ಕ್ಕೂ ಹೆಚ್ಚು ಮಂದಿ ಗಾಯಗೊಂಡರು. ಶಾಲೆಯಲ್ಲಿ ಸಿಕ್ಕವೆಂದು ಪೊಲೀಸರು ತೋರಿಸಿದ ಎರಡು ಪೆಟ್ರೋಲ್ ಬಾಂಬುಗಳನ್ನು ಪೊಲೀಸರೇ ತಂದಿಟ್ಟಿದ್ದರೆಂದು ಮುಂದೆ ನ್ಯಾಯಾಲಯದಲ್ಲಿ ಸಾಬೀತಾಯಿತು. 2015ರಲ್ಲಿ ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯ ಆ ರಾತ್ರಿ ನಡೆದದ್ದು ಚಿತ್ರಹಿಂಸೆಯೆಂದು ತೀರ್ಪಿತ್ತಿತು. ಜಿನೋವಾದ ನಂತರ ಚಳವಳಿಯೊಳಗೆ ಪರಸ್ಪರ ದೂಷಣೆ ತೀವ್ರವಾಯಿತು. ಕಪ್ಪು ಮುಸುಕಿನೊಳಗೆ ಪೊಲೀಸರೇ ಇದ್ದರೆಂಬ ಅನುಮಾನ ಎಲ್ಲೆಡೆ ಹಬ್ಬಿತು. ಯಾರು ಬೇಕಾದರೂ ತೊಡಬಹುದಾದ, ಯಾರೂ ಹೊಣೆ ಹೊರಬೇಕಾಗಿಲ್ಲದ ಉಡುಪಿನಲ್ಲಿ ಅಂಥ ಅನುಮಾನವನ್ನು ಸಾಬೀತು ಮಾಡುವುದೂ ಕಷ್ಟ, ಅಲ್ಲಗಳೆಯುವುದೂ ಕಷ್ಟ. ಅನುಮಾನವೇ ಸಾಕಾಗಿತ್ತು; ಒಂದೇ ಚೌಕದಲ್ಲಿ ನಿಲ್ಲಲು ಜನ ಹೆದರಿದರು.

ಇದಾದ ನಾಲ್ಕು ವರ್ಷಕ್ಕೆ, 2005ರ ಜುಲೈನಲ್ಲಿ, ಜಿ8 ಸ್ಕಾಟ್ಲೆಂಡಿನ ಗ್ಲೆನೀಗಲ್ಸ್‌ಗೆ ಬಂತು. ಆ ಹೊತ್ತಿಗೆ ಬ್ರಿಟನ್ನಿನಲ್ಲಿ ವಿದೂಷಕರ ಬಂಡಾಯ ಸೇನೆಯೊಂದು ಹುಟ್ಟಿಕೊಂಡಿತ್ತು. ಕೆಂಪು ಮೂಗು, ಬಣ್ಣದ ಮುಖ, ಸೈನಿಕರ ಹಳೆಯ ಸಮವಸ್ತ್ರದ ಮೇಲೆ ಗುಲಾಬಿ ಹಸಿರು ಜಾಲರಿ ಇದು ಅವರ ವೇಷ. ಮೂಗು ಅಂಟಿಸಿಕೊಂಡ ಮಾತ್ರಕ್ಕೆ ಯಾರೂ ಆ ಸೇನೆಗೆ ಸೇರುವಂತಿರಲಿಲ್ಲ, ಮೊದಲು ತರಬೇತಿ ಪಡೆಯಬೇಕಿತ್ತು. ಬೀದಿಯಲ್ಲಿ ಪೊಲೀಸರ ಗುರಾಣಿಗಳಿಗೆ ಮುತ್ತಿಟ್ಟು ತುಟಿಯ ಬಣ್ಣದ ಗುರುತು ಬಿಟ್ಟವರು ಇವರೇ. ಜಿನೋವಾದ ಭಯದಿಂದ ಚಳವಳಿಯನ್ನು ಬಿಡಿಸುವ ಪ್ರಯತ್ನ ಇದರಲ್ಲಿ ಇತ್ತೆಂದು ನಾನು ಓದುತ್ತೇನೆ. ಹೊಡೆಯುವವನಿಗೂ ಹೊಡೆತ ತಿನ್ನುವವನಿಗೂ ನಡುವೆ ಮೂರನೆಯ ಜಾಗವೊಂದನ್ನು ಮಾಡುವ ಆಸೆ ಅವರದಾಗಿತ್ತು. ಆದರೆ ತರಬೇತಿಯ ಕಟ್ಟಳೆಯೂ ಅವರನ್ನು ಕಾಪಾಡಲಿಲ್ಲ. ವಿದೂಷಕರೊಡನೆ ವಿದೂಷಕಿಯಾಗಿ ಬೀದಿಯಲ್ಲಿ ಕುಣಿದವರಲ್ಲಿ ಒಬ್ಬಾಕೆ ವೇಷಮರೆಸಿಕೊಂಡ ಪೊಲೀಸ್ ಅಧಿಕಾರಿಯಾಗಿದ್ದಳೆಂಬುದು ಕೆಲವು ವರ್ಷಗಳ ನಂತರ ಬಯಲಾಯಿತು.

ಅದೇ ವಾರದ ಅತಿ ದೊಡ್ಡ ವೇಷವನ್ನು ಯಾರೂ ವೇಷವೆಂದು ಕರೆಯಲಿಲ್ಲ. ಜುಲೈ 2ರಂದು ಎಡಿನ್‌ಬರೋದಲ್ಲಿ ಬಡತನವನ್ನು ಇತಿಹಾಸಕ್ಕೆ ಸೇರಿಸಿ ಎಂಬ ಘೋಷಣೆಯ ಒಕ್ಕೂಟ ನಡೆಸಿದ ಮೆರವಣಿಗೆಗೆ ಎರಡು ಲಕ್ಷಕ್ಕೂ ಹೆಚ್ಚು ಜನ ಬಂದರು. ಎಲ್ಲರೂ ಬಿಳಿ ಅಂಗಿ ತೊಟ್ಟು ಬರಬೇಕೆಂದು ಕೇಳಿಕೊಳ್ಳಲಾಗಿತ್ತು, ನಗರದ ಸುತ್ತ ಬಿಳಿಯ ಉಂಗುರ ಕಾಣುವಂತೆ. ಈ ಒಕ್ಕೂಟ ಜಿ8 ನಾಯಕರಿಂದ ಬಡ ದೇಶಗಳ ಸಾಲ ಮನ್ನಾ, ಹೆಚ್ಚಿನ ನೆರವು, ನ್ಯಾಯಯುತ ವ್ಯಾಪಾರಗಳನ್ನು ಕೇಳುತ್ತಿತ್ತು. ವಿದೂಷಕರೂ, ದಾರಿ ಕಟ್ಟಲು ಬಂದ ಇತರರೂ ಸೇರಿದ್ದ 'ಡಿಸೆಂಟ್' ಜಾಲ ಆ ನಾಯಕರಿಗೆ ಜಗತ್ತಿನ ಪರವಾಗಿ ತೀರ್ಮಾನಿಸುವ ಅಧಿಕಾರವೇ ಇಲ್ಲ, ಆದ್ದರಿಂದ ಅವರಿಂದ ಕೇಳುವುದೇನೂ ಇಲ್ಲ ಎನ್ನುತ್ತಿತ್ತು. ಇದು ಬೀದಿಯ ವಿಧಾನದ ಭಿನ್ನಾಭಿಪ್ರಾಯವಲ್ಲ, ಅಧಿಕಾರ ಎಲ್ಲಿಂದ ಬರುತ್ತದೆ ಎಂಬ ಪ್ರಶ್ನೆ.

ಒಡಕು ಅಲ್ಲಿಗೂ ನಿಲ್ಲಲಿಲ್ಲ, ಬಿಳಿಯ ಒಳಗೂ ಇಳಿಯಿತು. ಜುಲೈ 8ರಂದು ಶೃಂಗಸಭೆ ಮುಗಿದಾಗ, ಪ್ರಚಾರದ ಅತಿ ಪರಿಚಿತ ಮುಖವಾಗಿದ್ದ ಗಾಯಕ ಬಾಬ್ ಗೆಲ್ಡಾಫ್ ನೆರವಿನ ವಿಷಯದಲ್ಲಿ ಜಿ8ಕ್ಕೆ ಹತ್ತಕ್ಕೆ ಹತ್ತು, ಸಾಲದ ವಿಷಯದಲ್ಲಿ ಹತ್ತಕ್ಕೆ ಎಂಟು ಅಂಕ ಕೊಟ್ಟರು. ಬಡತನದ ವಿರುದ್ಧದ ಜಾಗತಿಕ ಒಕ್ಕೂಟದ ಮುಂದಾಳು, ದಕ್ಷಿಣ ಆಫ್ರಿಕಾದ ಕುಮಿ ನಾಯ್ಡು, ಜನ ಗರ್ಜಿಸಿದರು, ಜಿ8 ಪಿಸುಗುಟ್ಟಿತು ಎಂದರು. ಒಬ್ಬರು ವೇದಿಕೆಯ ಕಲಾವಿದರು, ಇನ್ನೊಬ್ಬರು ವರ್ಣಭೇದ ನೀತಿಯ ವಿರುದ್ಧದ ಹೋರಾಟದಿಂದ ಬಂದವರು. ಬಿಳಿ ಅಂಗಿ ತೊಟ್ಟು ನಡೆದ ಆ ಎರಡು ಲಕ್ಷ ಜನರಲ್ಲಿ ಯಾರಿಗೆ ಯಾವ ಮಾತು ಒಪ್ಪಿಗೆ ಎಂದು ಕೇಳಿ ತೀರ್ಮಾನಿಸುವ ಏರ್ಪಾಡು ಆ ಮೆರವಣಿಗೆಗೆ ಇರಲಿಲ್ಲ. ಪ್ರಾಗ್‌ನಲ್ಲಿ ನಕ್ಷೆಯ ಸುತ್ತ ಕೂತು ದಿನಗಟ್ಟಲೆ ಜಗಳವಾಡಿದ ಸಭೆಗಳಿಗೆ, ಎಷ್ಟೇ ಕೊರತೆಗಳಿದ್ದರೂ, ಅದು ಇತ್ತು.